ಪತ್ರಿಕೆ ಕೊಟ್ಟಾಯಿತು, ಉತ್ತರ ಬಂದಿಲ್ಲ: ಬರುತ್ತಾರೋ ಇಲ್ಲವೋ?

ಪ್ರಶ್ನೆ: ಮದುವೆಗೆ ಇನ್ನು ಮೂರು ವಾರ ಇದೆ. ಬರುವುದನ್ನು ಇಂಥ ದಿನದೊಳಗೆ ತಿಳಿಸಿ ಎಂದು ಆಮಂತ್ರಣ ಪತ್ರಿಕೆಯಲ್ಲೇ ಅಚ್ಚು ಹಾಕಿಸಿದ್ದೆವು. ಆ ದಿನ ದಾಟಿತು. ಕರೆದವರಲ್ಲಿ ಸುಮಾರು ಕಾಲುಭಾಗ ಜನರಿಂದ ಸುದ್ದಿಯೇ ಇಲ್ಲ. ಅವರೆಲ್ಲ ಬರುವುದಿಲ್ಲ ಎಂದುಕೊಂಡು ಲೆಕ್ಕ ಮುಗಿಸಬಹುದೇ? ಮತ್ತೆ ಕೇಳಲು ಹೋದರೆ ನಾವೇ ಸಣ್ಣವರಾಗುವುದಿಲ್ಲವೇ?

ಉತ್ತರ: ಹಾಗೆ ಲೆಕ್ಕ ಮುಗಿಸಬೇಡಿ. ಕೇಳಿದರೆ ಸಣ್ಣವರಾಗುವುದೂ ಇಲ್ಲ. ಫೋನ್ ಮಾಡಿ ಕೇಳಿ.

ಈ ಪ್ರಶ್ನೆ ನನಗೆ ಎಷ್ಟು ಸಲ ಬಂದಿದೆಯೋ, ಅಷ್ಟೂ ಸಲ ಇದೇ ಉತ್ತರ ಕೊಟ್ಟಿದ್ದೇನೆ. ಆದರೂ ಅದರೊಳಗಿರುವ ಒಂದು ನಂಬಿಕೆ ಮಾತ್ರ ಜಪ್ಪಯ್ಯ ಎಂದರೂ ಅಲ್ಲಾಡುವುದಿಲ್ಲ: ‘ಬರುವ ಮನಸ್ಸಿದ್ದವರು ತಾವಾಗಿಯೇ ಹೇಳುತ್ತಾರೆ, ಹೇಳದವರು ಬರುವುದಿಲ್ಲ.’ ಈ ಸಲ ಇದನ್ನು ಬುಡದಿಂದಲೇ ನೋಡಿಬಿಡೋಣ.

ನಿಮ್ಮ ಪಟ್ಟಿಯಲ್ಲಿ ಉತ್ತರ ಬಾರದ ಹೆಸರುಗಳನ್ನು ಒಂದೊಂದಾಗಿ ಓದಿ. ಅದರಲ್ಲಿ ಸೋದರಮಾವ ಇರುತ್ತಾರೆ. ಚಿಕ್ಕಮ್ಮ ಇರುತ್ತಾರೆ. ಜೊತೆಗೇ ಓದಿ ಬೆಳೆದ ಗೆಳತಿ ಇರುತ್ತಾಳೆ. ಇವರೆಲ್ಲ ಸುಮ್ಮನಿರುವುದು ‘ನಾನು ಬರುವುದನ್ನೂ ಹೇಳಬೇಕಾ?’ ಎಂಬ ಸಲಿಗೆಯಿಂದ. ಮದುಮಗಳನ್ನು ಎತ್ತಿ ಆಡಿಸಿದವರಿಗೆ ಆ ಅಚ್ಚಿನ ಸಾಲು ಬೇರೆಯವರಿಗಾಗಿ ಹಾಕಿಸಿದ್ದು ಅನ್ನಿಸುತ್ತದೆ. ಅತ್ತ ಕಚೇರಿಯ ಮೇಲಧಿಕಾರಿಯೋ ಮೊನ್ನೆ ಮೊನ್ನೆ ಪರಿಚಯವಾದ ನೆರೆಯವರೋ ಪತ್ರಿಕೆ ಕೈಸೇರಿದ ದಿನವೇ ಉತ್ತರ ಕಳಿಸಿರುತ್ತಾರೆ. ಮೌನವನ್ನು ‘ಇಲ್ಲ’ ಎಂದು ಓದಿದರೆ, ಪಟ್ಟಿಯಿಂದ ಮೊದಲು ಬಿದ್ದುಹೋಗುವವರು ಖಂಡಿತವಾಗಿ ಬರುವವರೇ. ಇದೊಂದೇ ಕಾರಣ ಸಾಕು ಆ ನಂಬಿಕೆಯನ್ನು ಬಿಡುವುದಕ್ಕೆ. ಆದರೆ ಇನ್ನೂ ಇವೆ.

ಬರಲು ಆಸೆಯಿದ್ದು ಇನ್ನೂ ಗೊತ್ತಾಗದವರು ಇರುತ್ತಾರೆ. ರಜೆ ಮಂಜೂರಾಗಿಲ್ಲ, ಮಗಳ ಪರೀಕ್ಷೆಯ ದಿನ ಪ್ರಕಟವಾಗಿಲ್ಲ, ಮನೆಯಲ್ಲಿ ಹಾಸಿಗೆ ಹಿಡಿದ ಹಿರಿಯರನ್ನು ನೋಡಿಕೊಳ್ಳಲು ಯಾರು ಉಳಿಯಬೇಕು ಎಂದು ತೀರ್ಮಾನವಾಗಿಲ್ಲ. ಖಚಿತವಾದ ಮೇಲೆ ಹೇಳಿದರಾಯಿತು ಎಂದುಕೊಳ್ಳುತ್ತಾರೆ. ಖಚಿತವಾದ ದಿನ ಹೇಳಲು ಮರೆಯುತ್ತಾರೆ.

ಇನ್ನು ಮನೆಮಂದಿಗೆಲ್ಲ ಸೇರಿಸಿ ಒಂದೇ ಪತ್ರಿಕೆ, ಬಳಗಕ್ಕೆಲ್ಲ ಸೇರಿಸಿ ಒಂದೇ ವಾಟ್ಸಾಪ್ ಗ್ರೂಪ್ ಸಂದೇಶ. ಗಂಡ ಹೇಳಿರುತ್ತಾರೆ ಎಂದು ಹೆಂಡತಿ, ಹೆಂಡತಿ ಹೇಳಿರುತ್ತಾಳೆ ಎಂದು ಗಂಡ. ಜಾನ್ ಡಾರ್ಲಿ ಮತ್ತು ಬಿಬ್ ಲಟಾನೆ ಎಂಬ ಮನಶ್ಶಾಸ್ತ್ರಜ್ಞರು 1968ರಲ್ಲಿ ಪ್ರಕಟಿಸಿದ ಪ್ರಯೋಗವೊಂದು ಇಲ್ಲಿ ನೆನಪಾಗುತ್ತದೆ. ವಿದ್ಯಾರ್ಥಿಗಳನ್ನು ಬೇರೆ ಬೇರೆ ಕೋಣೆಗಳಲ್ಲಿ ಕೂರಿಸಿ ಮೈಕಿನ ಮೂಲಕ ಮಾತನಾಡಲು ಹೇಳಿದ್ದರು. ನಡುವೆ ಒಬ್ಬನಿಗೆ ಫಿಟ್ಸ್ ಬಂದಂತೆ ಕೇಳಿಸುತ್ತದೆ. ಅದು ತನಗೊಬ್ಬನಿಗೇ ಕೇಳಿಸುತ್ತಿದೆ ಎಂದುಕೊಂಡವರಲ್ಲಿ ಶೇ 85 ಮಂದಿ ಆ ದನಿ ನಿಲ್ಲುವ ಮುಂಚೆ ಎದ್ದುಹೋಗಿ ಸಹಾಯ ಕೇಳಿದರು. ಇನ್ನೂ ನಾಲ್ವರಿಗೆ ಕೇಳಿಸುತ್ತಿದೆ ಎಂದುಕೊಂಡವರಲ್ಲಿ ಹಾಗೆ ಮಾಡಿದವರು ಶೇ 31 ಮಾತ್ರ. ಜೀವ ಹೋಗುವ ಕೂಗಿಗೇ ‘ಬೇರೆ ಯಾರಾದರೂ ನೋಡಿಕೊಳ್ಳುತ್ತಾರೆ’ ಎಂದು ಕೂರುತ್ತೇವಾದರೆ, ಅರವತ್ತು ಜನರ ಗ್ರೂಪಿನಲ್ಲಿ ‘ದಯವಿಟ್ಟು ಎಲ್ಲರೂ ತಿಳಿಸಿ’ ಎಂದರೆ ಯಾರು ತಿಳಿಸುತ್ತಾರೆ? ಕರೆದದ್ದು ಎಲ್ಲರನ್ನೂ, ಕೇಳಿದ್ದು ಯಾರನ್ನೂ ಅಲ್ಲ.

ಸಂದೇಶ ತಲುಪಿಯೇ ಇಲ್ಲದಿರಬಹುದು. ವಾಟ್ಸಾಪಿನ ಬ್ರಾಡ್‌ಕಾಸ್ಟ್ ಪಟ್ಟಿಯಿಂದ ಕಳಿಸಿದ ಸಂದೇಶ, ನಿಮ್ಮ ನಂಬರನ್ನು ತಮ್ಮ ಫೋನಿನಲ್ಲಿ ಉಳಿಸಿಕೊಂಡವರಿಗೆ ಮಾತ್ರ ಹೋಗುತ್ತದೆ. ನೀವು ಅವರ ನಂಬರ್ ಇಟ್ಟುಕೊಂಡಿದ್ದರೆ ಸಾಲದು. ಹಳೆಯ ಪರಿಚಯಸ್ಥರನ್ನು ಹೀಗೆ ಕರೆದು, ‘ಒಂದು ಮಾತೂ ಆಡಲಿಲ್ಲ’ ಎಂದು ನೊಂದುಕೊಳ್ಳುವವರನ್ನು ಕಂಡರೆ ನನಗೆ ನಿಜಕ್ಕೂ ಸಂಕಟವಾಗುತ್ತದೆ. ಆ ಬಡಪಾಯಿಗಳಿಗೆ ಮದುವೆಯ ಸುದ್ದಿಯೇ ಗೊತ್ತಿರುವುದಿಲ್ಲ. ನೀಲಿ ಗುರುತನ್ನು ನಂಬಿಯೂ ತೀರ್ಪು ಕೊಡಬೇಡಿ. ಯಾರೋ ಆ ಚಾಟ್ ತೆರೆದರು ಎಂದಷ್ಟೇ ಅದು ಹೇಳುತ್ತದೆ. ಫೋನು ಮೊಮ್ಮಗನ ಕೈಯಲ್ಲಿದ್ದರೂ ಅದು ನೀಲಿಯಾಗುತ್ತದೆ. ಆ ಸೌಲಭ್ಯವನ್ನೇ ಮುಚ್ಚಿಟ್ಟವರು ಹತ್ತು ಸಲ ಓದಿದರೂ ನೀಲಿಯಾಗುವುದಿಲ್ಲ.

ಕೊನೆಗೆ, ಬರಲಾಗದು ಎಂದು ಗೊತ್ತಿದ್ದೂ ಬಾಯಿಬಿಟ್ಟು ಹೇಳಲು ಹಿಂಜರಿಯುವವರು. ನಿಮ್ಮ ನಂಬಿಕೆ ನಿಜವಾಗುವುದು ಇವರೊಬ್ಬರ ವಿಷಯದಲ್ಲಿ. ಇಷ್ಟು ಬಗೆಯ ಮೌನಗಳಲ್ಲಿ ಯಾರದು ಯಾವುದು ಎಂದು ಹೊರಗಿನಿಂದ ತಿಳಿಯುವಂತಿಲ್ಲ. ಆದ್ದರಿಂದಲೇ ಕೇಳಬೇಕು. ‘ನೂರಕ್ಕೆ ಇಷ್ಟು ಜನ ಬರುವುದಿಲ್ಲ ಬಿಡಿ’ ಎಂಬ ಸಿದ್ಧ ಸೂತ್ರವೂ ಕೆಲಸಕ್ಕೆ ಬಾರದು. ಬೇರೆಯವರ ಮದುವೆಗಳ ಸರಾಸರಿಗೆ ನಿಮ್ಮ ಸೋದರಮಾವನ ಪರಿಚಯವಿಲ್ಲ.

ಕೇಳಿದರೆ ಮರ್ಯಾದೆ ಹೋಗುತ್ತದೆ ಎನ್ನುವವರಿಗೆ ಒಂದು ಮಾತು. ನೀವು ಬೇಡುತ್ತಿಲ್ಲ. ಅವರಿಗಾಗಿ ಊಟ, ಕುರ್ಚಿ, ಹಾಸಿಗೆ ಎತ್ತಿಡಬೇಕೇ ಎಂದು ವಿಚಾರಿಸುತ್ತಿದ್ದೀರಿ. ಆ ಕಡೆ ಫೋನ್ ಎತ್ತಿದವರಿಗೆ ಕೇಳಿಸುವುದು ‘ನೀವು ಬರುವುದು ನಮಗೆ ಮುಖ್ಯ’ ಎಂಬುದು.

ಇನ್ನು ಹೇಗೆ ಕೇಳಬೇಕು. ಹೆಚ್ಚಿನವರು ಎಡವುವುದು ಇಲ್ಲಿಯೇ. ‘ಬರ್ತೀರಿ ತಾನೇ? ತಪ್ಪಿಸಬಾರದು ನೋಡಿ!’ ಎಂದರೆ ಎದುರಿನವರಿಗೆ ಇಲ್ಲ ಎನ್ನಲು ದಾರಿಯೇ ಇರುವುದಿಲ್ಲ. ‘ಪ್ರಯತ್ನ ಮಾಡ್ತೀವಿ’ ಎನ್ನುತ್ತಾರೆ, ನೀವು ಮತ್ತೆ ಮೊದಲಿದ್ದಲ್ಲಿಗೇ ಬಂದಿರಿ. ಹೀಗೆ ಕೇಳಿ: ‘ಚಿಕ್ಕಮ್ಮ, ಗುರುವಾರ ಅಡುಗೆಯವರಿಗೆ ಲೆಕ್ಕ ಕೊಡಬೇಕು. ನಿಮ್ಮ ಮನೆಯಿಂದ ಎಷ್ಟು ಜನ ಅಂತ ಬರ್ಕೊಳ್ಳಲಿ? ಆಗದಿದ್ದರೂ ಹೇಳಿಬಿಡಿ, ಬೇಜಾರಿಲ್ಲ.’ ಇದರಲ್ಲಿ ದಿನ ಇದೆ, ಸಂಖ್ಯೆ ಕೇಳಿದ್ದೀರಿ, ಇಲ್ಲ ಎನ್ನಲು ಬಾಗಿಲನ್ನೂ ತೆರೆದಿದ್ದೀರಿ. ಆಗಲೂ ‘ನೋಡೋಣ’ ಎಂದರೆ ವಾದ ಬೇಡ. ‘ನಿಮಗೆ ಯಾವತ್ತು ಗೊತ್ತಾಗುತ್ತೆ?’ ಎಂದು ಕೇಳಿ, ಆ ದಿನವನ್ನು ಹೆಸರಿನ ಮುಂದೆ ಬರೆದಿಟ್ಟುಕೊಂಡು, ಆ ದಿನ ಫೋನ್ ಮಾಡಿ.

ಎಲ್ಲರಿಗೂ ಮದುಮಗಳೇ ಕರೆ ಮಾಡುತ್ತ ಕೂರಬೇಕಿಲ್ಲ. ಪಟ್ಟಿಯನ್ನು ಹಂಚಿ. ಅಪ್ಪನ ಕಡೆಯವರಿಗೆ ಅಪ್ಪನ ತಂಗಿ, ಗೆಳೆಯರ ಬಳಗಕ್ಕೆ ಆ ಬಳಗದ ಒಬ್ಬರು. ಉತ್ತರಗಳು ಮಾತ್ರ ಒಂದೇ ಹಾಳೆಗೆ, ಒಬ್ಬರೇ ಕೈಯಲ್ಲಿ ಬಂದು ಸೇರಬೇಕು.

ಇಷ್ಟಾದ ಮೇಲೂ ಸಿಗದವರಿಗೆ ಒಂದು ಕೊನೆಯ ಸಂದೇಶ: ‘ಗುರುವಾರ ಲೆಕ್ಕ ಕೊಡುತ್ತಿದ್ದೇವೆ. ಅಷ್ಟರೊಳಗೆ ನಿಮ್ಮಿಂದ ತಿಳಿಯದಿದ್ದರೆ ನಿಮಗೆ ಬರಲಾಗುತ್ತಿಲ್ಲ ಎಂದುಕೊಳ್ಳುತ್ತೇವೆ.’ ಹೀಗೆ ಮುಂಚೆಯೇ ಹೇಳಿದ ಮೇಲೆ ಮಾತ್ರ ಮೌನವನ್ನು ‘ಇಲ್ಲ’ ಎಂದು ಓದುವ ಹಕ್ಕು ನಿಮ್ಮದಾಗುತ್ತದೆ. ಆಗಲೂ ಹತ್ತಿರದ ನೆಂಟರನ್ನು ಬರುವವರ ಸಾಲಿನಲ್ಲೇ ಇಡಿ ಎಂಬುದು ನನ್ನ ಅಭಿಪ್ರಾಯ. ಮಿಕ್ಕವರಿಗಾಗಿ ಸ್ವಲ್ಪ ಹೆಚ್ಚುವರಿ ಸೇರಿಸಬೇಕಾದರೆ ಒಬ್ಬರೇ, ಒಂದೇ ಸಲ ಸೇರಿಸಿ. ನೀವು ಹತ್ತು ಸೇರಿಸಿ, ನಿಮಗೆ ಗೊತ್ತಿಲ್ಲದೆ ಅಪ್ಪ ಇಪ್ಪತ್ತು ಸೇರಿಸಿ, ಅಡುಗೆಯವರು ತಮ್ಮ ಅಂದಾಜಿನಿಂದ ಇನ್ನಷ್ಟು ಸೇರಿಸಿದರೆ ಅನ್ನ ಚೆಲ್ಲುವುದೇ. ಹೇಳಿದ ಸಂಖ್ಯೆಗಿಂತ ಎಷ್ಟು ಹೆಚ್ಚು ಜನಕ್ಕೆ ಬಡಿಸಬಲ್ಲಿರಿ ಎಂದು ಅಡುಗೆಯವರನ್ನು ಮೊದಲೇ ಕೇಳಿಕೊಳ್ಳಿ.

ಇಲ್ಲಿಗೆ ನಿಮ್ಮ ಪ್ರಶ್ನೆ ಮುಗಿಯಿತು. ಆದರೆ ಇದನ್ನು ಓದುತ್ತಿರುವ ಬಹಳ ಜನರ ಮೇಜಿನ ಮೇಲೆ ಉತ್ತರಿಸದ ಪತ್ರಿಕೆಯೊಂದು ಬಿದ್ದಿರುತ್ತದೆ ಎಂದು ಬಲ್ಲೆ. ಬರುವುದಿಲ್ಲ ಎಂದು ಹೇಳುವುದು ಹೇಗೆ ಎಂದು ಅವರು ಯಾರೂ ಕೇಳುವುದಿಲ್ಲ. ಆಹ್ವಾನವನ್ನು ನಿರಾಕರಿಸಿದರೆ ಏನಾಗುತ್ತದೆ ಎಂದು ಜೂಲಿಯನ್ ಗಿವಿ ಮತ್ತು ಕಾಲೀನ್ ಕರ್ಕ್ ಎಂಬ ಸಂಶೋಧಕರು ಹಲವು ಪ್ರಯೋಗಗಳಲ್ಲಿ ಪರೀಕ್ಷಿಸಿ 2023ರಲ್ಲಿ ಪ್ರಕಟಿಸಿದರು. ಕರೆದವರು ಎಷ್ಟು ಬೇಸರಪಟ್ಟುಕೊಳ್ಳುತ್ತಾರೆ ಎಂದು ನಿರಾಕರಿಸುವವರು ಅಂಜುತ್ತಾರೋ, ಕರೆದವರಿಗೆ ನಿಜವಾಗಿ ಆಗುವ ಬೇಸರ ಅದಕ್ಕಿಂತ ಕಡಿಮೆ. ಮದುವೆ ಮನೆಯವರನ್ನು ಹತ್ತಿರದಿಂದ ಕಂಡ ನನಗೂ ಇದು ನಿಜ ಅನ್ನಿಸಿದೆ. ಅವರನ್ನು ಹಣ್ಣುಮಾಡುವುದು ‘ಬರಲಾಗದು’ ಎಂಬ ಮಾತಲ್ಲ, ಏನೂ ತಿಳಿಯದೆ ಕಾಯುವುದು.

ಆದ್ದರಿಂದ ಬೇಗ ಹೇಳಿ, ಚುಟುಕಾಗಿ ಹೇಳಿ. ‘ಕರೆದದ್ದಕ್ಕೆ ತುಂಬಾ ಸಂತೋಷ. ಆ ದಿನ ಬರಲಾಗುತ್ತಿಲ್ಲ, ಕ್ಷಮಿಸಿ. ಮದುವೆ ಚೆನ್ನಾಗಿ ಆಗಲಿ’ ಎಂದರೆ ಸಾಕು. ಉದ್ದನೆಯ ಕಾರಣ ಬೇಡ, ಕೊನೆಯಲ್ಲಿ ‘ಆದರೂ ನೋಡ್ತೀನಿ’ ಎಂಬ ಬಾಲವಂತೂ ಬೇಡವೇ ಬೇಡ. ಬರುತ್ತೇನೆ ಎಂದು ಒಪ್ಪಿಕೊಂಡ ಮೇಲೆ ಆಗದೆ ಹೋದರೆ ಹಿಂದಿನ ದಿನವಾದರೂ ಸರಿ, ತಿಳಿಸಿ. ಮದುವೆಯ ದಿನ ಬೆಳಗ್ಗೆ ಗೊತ್ತಾದರೆ ಮದುಮಕ್ಕಳಿಗಾಗಲಿ ಅವರ ತಂದೆತಾಯಿಗಾಗಲಿ ಕರೆ ಮಾಡಬೇಡಿ, ಲೆಕ್ಕ ನೋಡಿಕೊಳ್ಳುತ್ತಿರುವ ಅಣ್ಣನಿಗೋ ಅತ್ತಿಗೆಗೋ ಒಂದು ಸಂದೇಶ ಹಾಕಿ.