ಹಳೆಯ ಐರಿಷ್: ದೊ-ಬೆರ್ ಇದ್ದದ್ದು ತವಿರ್ ಆಗುವುದು ಹೇಗೆ

ಮೂರು ವಾರ ನನ್ನನ್ನು ಮುಂದೆ ಹೋಗಲು ಬಿಡದೇ ಇದ್ದದ್ದು ಒಂದೇ ವಿಷಯ. ನಿನ್ನೆ ರಾತ್ರಿ ಅದು ತಲೆಗೆ ಹೋಯಿತು. ಮರೆಯುವ ಮೊದಲೇ ಬರೆದಿಡುತ್ತಿದ್ದೇನೆ. ಐರಿಷ್ ಪದಗಳನ್ನು ಉಚ್ಚಾರಕ್ಕೆ ಹತ್ತಿರವಾಗಿ ಬರೆದಿದ್ದೇನೆ.

ಹಳೆಯ ಐರಿಷ್ ಅಂದರೆ ಸುಮಾರು ಕ್ರಿ.ಶ. 700ರಿಂದ 900ರವರೆಗಿನ ಭಾಷೆ. ಆ ಕಾಲದ ಕಥೆಗಳು ನಮಗೆ ಸಿಗುವುದು 1100ರ ಆಸುಪಾಸಿನ ಮತ್ತು ಅದಕ್ಕಿಂತ ಈಚಿನ ಪ್ರತಿಗಳಲ್ಲಿ. ಆಗಿನದ್ದೇ ಕೈಬರಹ ಜಾಸ್ತಿ ಉಳಿದಿರುವುದು ಐರ್ಲೆಂಡಿನ ಹೊರಗೆ: ವ್ಯುರ್ಟ್ಸ್‌ಬುರ್ಗ್, ಮಿಲಾನ್, ಸೇಂಟ್ ಗಾಲ್. ಐರಿಷ್ ಸನ್ಯಾಸಿಗಳು ಲ್ಯಾಟಿನ್ ಪುಸ್ತಕಗಳ ಸಾಲುಗಳ ನಡುವೆ ಸಣ್ಣ ಅಕ್ಷರದಲ್ಲಿ ತಮ್ಮ ಭಾಷೆಯಲ್ಲಿ ಅರ್ಥ ಬರೆದುಕೊಂಡಿದ್ದರು. ಅವೂ ಓದುವವರ ಟಿಪ್ಪಣಿಗಳೇ, ಅಲ್ವಾ? ಅವುಗಳನ್ನು ಆಧಾರವಾಗಿಟ್ಟುಕೊಂಡು ಜರ್ಮನ್ ವಿದ್ವಾಂಸ ತ್ಸಾಯ್ಸ್ ತಮ್ಮ ವ್ಯಾಕರಣವನ್ನು 1853ರಲ್ಲಿ ತಂದರು. ಸ್ವಿಸ್ ವಿದ್ವಾಂಸ ಟೂರ್ನೈಸೆನ್ ಅವರದ್ದು 1909ರಲ್ಲಿ ಬಂತು. ಅದರ 1946ರ ಇಂಗ್ಲಿಷ್ ರೂಪ ಈಗಲೂ ನನ್ನ ಮೇಜಿನ ಮೇಲಿದೆ.

ಪದದ ಮೊದಲ ಅಕ್ಷರ ಬದಲಾಗುವುದು ಎಲ್ಲರಿಗೂ ಕಷ್ಟ ಅನ್ನುತ್ತಾರೆ. ಕನ್ನಡದವರಿಗೆ ಅಷ್ಟು ಕಷ್ಟವಾಗಬಾರದು. ಮಳೆ ಸೇರಿದರೆ ಕಾಲ 'ಗಾಲ' ಆಗುತ್ತದೆ, ಬೆಟ್ಟ ಸೇರಿದರೆ ತಾವರೆ 'ದಾವರೆ' ಆಗುತ್ತದೆ. ಇಲ್ಲೂ ಒಂದು ಬಗೆಯ ಬದಲಾವಣೆಯಲ್ಲಿ ಕ, ತ, ಪ ಹೋಗಿ ಗ, ದ, ಬ ಬರುತ್ತವೆ. ಇನ್ನೊಂದು ಬಗೆಯಲ್ಲಿ ಬ ಸಡಿಲವಾಗಿ ವ ಆಗುತ್ತದೆ, ನಮ್ಮ 'ಬೇರ್ವೆರಸಿ' ಥರ. ವ್ಯತ್ಯಾಸ ಏನೆಂದರೆ, ಬದಲಾವಣೆ ತಂದ ಸದ್ದು ಐರಿಷಿನಲ್ಲಿ ಎಷ್ಟೋ ಕಡೆ ಅಳಿಸಿಹೋಗಿದೆ. 'ಕೆನ್' ಅಂದರೆ ತಲೆ. 'ಅ ಖೆನ್' ಅವನ ತಲೆ, 'ಅ ಕೆನ್' ಅವಳ ತಲೆ, 'ಅ ಗೆನ್' ಅವರ ತಲೆ. ಮೂರಕ್ಕೂ ಒಂದೇ 'ಅ'. ಹಿಂದೆ ಅವನ ಪದ ಸ್ವರದಲ್ಲಿ, ಅವಳದ್ದು ಸ್‌ನಲ್ಲಿ, ಅವರದ್ದು ಅನುನಾಸಿಕದಲ್ಲಿ ಮುಗಿಯುತ್ತಿತ್ತು. ಆ ಕೊನೆಗಳು ಹೋದವು, ಗುರುತು ಮಾತ್ರ ಪಕ್ಕದ ಪದದ ಮೇಲೆ ಉಳಿಯಿತು. ಈ ಭಾಗಕ್ಕೆ ಇಷ್ಟು ಸಾಕು.

ಈಗ ನಾನು ಸಿಕ್ಕಿಹಾಕಿಕೊಂಡಿದ್ದ ಜಾಗ.

'ದೊ-ಬೆರ್' ಅಂದರೆ ತರುತ್ತಾನೆ, ಕೊಡುತ್ತಾನೆ. ಇಲ್ಲ ಅನ್ನುವುದಕ್ಕೆ ಮುಂದೆ 'ನೀ' ಸೇರಿಸಬೇಕು. ಹಾಗಾದರೆ 'ನೀ ದೊ-ಬೆರ್' ಆಗಬೇಕು ತಾನೇ? ಆಗುವುದಿಲ್ಲ. 'ನೀ ತವಿರ್' ಆಗುತ್ತದೆ. 'ಅಸ್-ಬೆರ್' ಅಂದರೆ ಹೇಳುತ್ತಾನೆ. ಹೇಳುವುದಿಲ್ಲ ಅನ್ನಲು 'ನೀ ಎಬಿರ್'. 'ದೊ-ಗ್ನೀ' ಅಂದರೆ ಮಾಡುತ್ತಾನೆ. ಮಾಡುವುದಿಲ್ಲ ಅನ್ನಲು 'ನೀ ದೇನಿ'. ನಾನು ಇವನ್ನು ಜೋಡಿ ಜೋಡಿಯಾಗಿ ಉರು ಹೊಡೆಯುತ್ತಿದ್ದೆ. ನಮ್ಮಲ್ಲೂ 'ತರುತ್ತಾನೆ' ಇದ್ದದ್ದು 'ತಾರನು' ಆಗುತ್ತದಲ್ಲ, ಹಾಗೇ ಇರಬೇಕು ಅಂದುಕೊಂಡಿದ್ದೆ. ಅದು ತಪ್ಪು ದಾರಿ. ಕನ್ನಡದಲ್ಲಿ ಆ ರೂಪವೇ ನಿಷೇಧ ಹೇಳುತ್ತದೆ. ಐರಿಷಿನಲ್ಲಿ 'ತವಿರ್'ಗೂ ನಿಷೇಧಕ್ಕೂ ನೇರ ಸಂಬಂಧ ಇಲ್ಲ. ತರುತ್ತಾನೆಯೇ ಎಂದು ಕೇಳುವ 'ಇನ್' ಮುಂದೆ ಬಂದರೂ ತವಿರ್ ರೂಪವೇ ಬರುತ್ತದೆ.

ಕೀಲಿ ಇರುವುದು ಒತ್ತಿನಲ್ಲಿ, ಅಂದರೆ ಪದದ ಯಾವ ಭಾಗವನ್ನು ಒತ್ತಿ ಜೋರಾಗಿ ಹೇಳುತ್ತಾರೆ ಅನ್ನುವುದರಲ್ಲಿ. ನಾನು ಮಾಡಿಕೊಂಡ ಸೂತ್ರ ಇದು: ಕ್ರಿಯಾಪದವನ್ನು ಸೀಟುಗಳ ಸಾಲು ಅಂದುಕೊಳ್ಳಿ. ಒಂದನೇ ಸೀಟಿನ ಪುಟ್ಟ ಪದಕ್ಕೆ ಒತ್ತಿಲ್ಲ. ಎರಡನೇ ಸೀಟಿನಲ್ಲಿ ಯಾರು ಕೂತರೂ ಒತ್ತು ಅವರಿಗೆ.

ಈ ಕ್ರಿಯಾಪದದ ಮೂಲ ಭಾಗಗಳು 'ತೊ' ಮತ್ತು 'ಬೆರ್'. ಸುಮ್ನೆ ಹೇಳಿದರೆ ತೊ ಒಂದನೇ ಸೀಟಿನಲ್ಲಿ, ಬೆರ್ ಎರಡನೆಯದರಲ್ಲಿ. ಒತ್ತು ಬೆರ್ ಮೇಲೆ. ಒತ್ತಿಲ್ಲದ ತೊ ಮೆತ್ತಗಾಗಿ 'ದೊ' ಆಯಿತು: ದೊ-ಬೆರ್. ಈಗ 'ನೀ' ಬಂದು ಒಂದನೇ ಸೀಟಿನಲ್ಲಿ ಕೂತಿತು. ತೊ ಎರಡನೆಯದಕ್ಕೆ ಸರಿಯಿತು, ಒತ್ತು ಅದಕ್ಕೇ ಸಿಕ್ಕಿತು. ಹಾಗಾಗಿ ಅದರ 'ತ' ಗಟ್ಟಿಯಾಗಿ ಉಳಿಯಿತು. ಹಿಂದೆ ಸರಿದ ಬೆರ್ ಒತ್ತು ಕಳೆದುಕೊಂಡು ಕುಗ್ಗಿತು, ಅದರ ಬ ಈಗ ಎರಡು ಸ್ವರಗಳ ನಡುವೆ ಸಿಕ್ಕಿ ವ ಆಯಿತು. ತವಿರ್! ಬರಹದಲ್ಲಿ ಮಾತ್ರ ಬ ಅಕ್ಷರವೇ ಇರುತ್ತದೆ. ಇದನ್ನು ಬೆರಳಲ್ಲಿ ಮೇಜು ತಟ್ಟುತ್ತಾ ಜೋರಾಗಿ ಹತ್ತು ಸಲ ಹೇಳಿ ನೋಡಿ. ಕಣ್ಣಿಗಿಂತ ಕಿವಿಗೆ ಬೇಗ ಗೊತ್ತಾಗುತ್ತದೆ.

'ನನ್ನನ್ನು' ಅನ್ನುವ 'ಮ್' ಬಂದರೆ? ಅದು ಒಂದನೇ ಸೀಟಿಗೆ ಅಂಟಿಕೊಳ್ಳುತ್ತದೆ: ದೊಮ್-ವೆರ್, ನನ್ನನ್ನು ತರುತ್ತಾನೆ. ಸೀಟುಗಳು ಕದಲಲಿಲ್ಲ, ಆದ್ದರಿಂದ ದೊ ಹಾಗೇ ಇದೆ. ಆ ಮ್ ಮುಂದಿನ ಬ ಅನ್ನು ಸಡಿಲಿಸಿತು, ಅಷ್ಟೇ. ತೊ ಥರದ ಉಪಸರ್ಗವೇ ಇಲ್ಲದ 'ಕರಿದ್' (ಪ್ರೀತಿಸುತ್ತಾನೆ) ಥರದ್ದಕ್ಕೆ 'ನೊ' ಎಂಬ ಖಾಲಿ ಪದವನ್ನು ತಂದು ಕೂರಿಸುತ್ತಾರೆ: ನೊಮ್-ಖರ, ನನ್ನನ್ನು ಪ್ರೀತಿಸುತ್ತಾನೆ. ಮುಂದೆ ಯಾರಾದರೂ ಕೂತರೆ ಕೊನೆಯ 'ಇದ್' ಬಿದ್ದುಹೋಗುತ್ತದೆ ಅನ್ನುವುದನ್ನೂ ಗಮನಿಸಿ.

ನಿಘಂಟು ನೋಡುವಾಗ ಇದು ತುಂಬಾ ಬೇಕು. ತವಿರ್ ಕಂಡರೆ ಹುಡುಕಬೇಕಾದದ್ದು ದೊ-ಬೆರ್ ಕೆಳಗೆ. ಇಂದಿನ ಐರಿಷಿನಲ್ಲೂ ಇದರ ಗುರುತಿದೆ: ಹೇಳುತ್ತಾನೆ ಅನ್ನಲು 'ದೆರ್', ಹೇಳು ಅನ್ನಲು 'ಅಬಿರ್'. ಎರಡೂ ಅಸ್-ಬೆರ್‌ನ ಮಕ್ಕಳೇ. ಆಜ್ಞೆ ಕೊಡುವಾಗ ಒತ್ತು ಮೊದಲಿಗೇ ಬೀಳುತ್ತದೆ.

ಪಾಂಗುರ್ ಎಂಬ ಬಿಳಿ ಬೆಕ್ಕಿನ ಪದ್ಯವನ್ನು ಹೀಗೇ ಮತ್ತೆ ಓದಿದೆ. ಒಂಬತ್ತನೇ ಶತಮಾನದ್ದು, ಎಂಟು ಚೌಪದಿಗಳು, ಕೈಬರಹ ಆಸ್ಟ್ರಿಯಾದ ಸೇಂಟ್ ಪಾಲ್ ಮಠದಲ್ಲಿದೆ. ಬೆಕ್ಕು ಇಲಿ ಹಿಡಿಯುತ್ತದೆ, ಪಕ್ಕದಲ್ಲಿ ಪಂಡಿತ ಅರ್ಥ ಹಿಡಿಯುತ್ತಾನೆ. ಕೊನೆಯ ಚೌಪದಿಯಲ್ಲಿ ಬೆಕ್ಕು ದಿನವೂ ಮಾಡುವ ಕೆಲಸಕ್ಕೆ 'ದು-ಙ್ನೀ' ಅಂತಿದೆ. ಅದು ನಮ್ಮ ದೊ-ಗ್ನೀಯೇ, ನಡುವೆ ಒಂದು ಅನುನಾಸಿಕ ಸೇರಿದೆ. ಅದರ ಮುಂದಿನ ಸಾಲಿನಲ್ಲೇ ಪಂಡಿತನ ಕೆಲಸ: 'ದೊ ಥವಿರ್ತ್ ದೊರಿದ್ ದು ಗ್ಲೇ', ಕಷ್ಟವಾದದ್ದನ್ನು ತಿಳಿಯಾಗಿ ತರುವುದು. ಥವಿರ್ತ್ ಅಂದರೆ ದೊ-ಬೆರ್‌ನ ನಾಮರೂಪ. ನಾಮಪದವಾದ್ದರಿಂದ ಒತ್ತು ಮೊದಲ ಅಕ್ಷರಕ್ಕೆ, ಅಂದರೆ ಹಳೆಯ 'ತೊ'ಗೆ. ಮೂರು ವಾರದ ಹಿಂದೆ ಇದೇ ಪದದ ಕೆಳಗೆ ಪೆನ್ಸಿಲಿನಲ್ಲಿ ಪ್ರಶ್ನೆ ಚಿಹ್ನೆ ಹಾಕಿಟ್ಟಿದ್ದೆ. ಈಗ ಅಳಿಸಿದೆ.