ಗಂಟಿನಲ್ಲಿ ಏನಿದೆ ಎಂದು ಕೇಳಿ

ಯುಗಾದಿಗೆ ಇನ್ನೂ ಎರಡು ವಾರ ಇರುವಾಗಲೇ ಬಾಗಲಕೋಟೆ, ವಿಜಯಪುರ, ಬೆಳಗಾವಿ ಕಡೆಯ ಊರುಗಳಿಂದ ಜನ ಶ್ರೀಶೈಲದತ್ತ ಹೆಜ್ಜೆ ಹಾಕತೊಡಗುತ್ತಾರೆ. ಹೆಗಲ ಮೇಲೆ ಮಲ್ಲಯ್ಯನ, ಅಂದರೆ ಶ್ರೀಶೈಲದ ಮಲ್ಲಿಕಾರ್ಜುನನ ಕಂಬಿ (ಕಾವಡಿ). ಹರಕೆ ಹೊತ್ತ ಕೆಲವು ಹುಡುಗರದು ಮರಗಾಲು ಕಟ್ಟಿಕೊಂಡೇ ನಡಿಗೆ. ಆತ್ಮಕೂರಿನ ಬಳಿಯ ವೆಂಕಟಾಪುರದಲ್ಲಿ ಡಾಂಬರು ಬಿಟ್ಟು ನಲ್ಲಮಲ ಕಾಡು ಹೊಕ್ಕರೆ ನಾಗಲೂಟಿ, ಪೆಚ್ಚೆರುವು, ಭೀಮನಕೊಳ್ಳ, ಕೊನೆಗೆ ಕೈಲಾಸ ದ್ವಾರ.

ಈ ದಾರಿಯ ಸಾಕ್ಷ್ಯಚಿತ್ರಕ್ಕೆಂದು ಹೊರಟ ಮೊದಲ ವರ್ಷ ನನ್ನ ಬಳಿ ಇದ್ದುದು ಒಂದೇ ಪ್ರಶ್ನೆ: ‘ಯಾಕೆ ನಡೆಯುತ್ತೀರಿ?’ ಕೇಳಿದವರೆಲ್ಲರ ಉತ್ತರವೂ ಒಂದೇ: ‘ಮಲ್ಲಯ್ಯ ಕರೆಸಿಕೊಂಡ.’ ಕ್ಯಾಮೆರಾ ಕಂಡೊಡನೆ ಟೋಪಿ ನೆಟ್ಟಗೆ ಮಾಡಿಕೊಂಡು, ಗಂಟಲು ಸರಿಪಡಿಸಿಕೊಂಡು ಹೇಳುತ್ತಿದ್ದರು. ಸಂಕಲನಕ್ಕೆ ಕುಳಿತಾಗ ಆ ಮಾತನ್ನು ಕೇಳಿ ಕೇಳಿ ಬೇಸತ್ತು, ಎಲ್ಲವನ್ನೂ ಕತ್ತರಿಸಿ ಹಾಕಿದೆ. ‘ಬಂದೆ’ ಎನ್ನದೆ ‘ಕರೆಸಿಕೊಂಡ’ ಎನ್ನುವುದರಲ್ಲಿ ಏನಿದೆ ಎಂದು ನಾನು ಯೋಚಿಸಿಯೇ ಇರಲಿಲ್ಲ.

ಮರುವರ್ಷ ಪ್ರಶ್ನೆ ಬದಲಿಸಿದೆ. ನಾಗಲೂಟಿಯ ಬಳಿ ಮರದ ನೆರಳಿನಲ್ಲಿ ಕುಳಿತಿದ್ದ ಅಜ್ಜಿಯೊಬ್ಬರನ್ನು ‘ಗಂಟಿನಲ್ಲಿ ಏನಿದೆ ಅಮ್ಮಾ?’ ಎಂದು ಕೇಳಿದೆ. ಅವರು ಒಂದೊಂದೇ ತೆಗೆದು ತೋರಿಸಿದರು. ಕಟಕ ರೊಟ್ಟಿ, ಗುರೆಳ್ಳು ಚಟ್ನಿ, ಮೊಣಕಾಲಿಗೆ ಹಚ್ಚುವ ಎಣ್ಣೆ. ಅಡಿಯಲ್ಲಿ, ಹಳೆಯ ಪಂಚೆಯಲ್ಲಿ ಸುತ್ತಿದ ಹಸಿರು ಸೀರೆ, ಖಣ, ಒಂದು ಡಜನ್ ಬಳೆ. ‘ಮಗಳ ಮನೆಗೆ ಬರಿಗೈಯಲ್ಲಿ ಹೋಗುತ್ತಾರೆಯೇ ತಮ್ಮಾ?’

ಆ ಮಗಳು ಭ್ರಮರಾಂಬೆ. ಶ್ರೀಶೈಲ ಹನ್ನೆರಡು ಜ್ಯೋತಿರ್ಲಿಂಗಗಳಲ್ಲಿ ಒಂದು, ಹದಿನೆಂಟು ಶಕ್ತಿಪೀಠಗಳಲ್ಲೂ ಒಂದು. ಆದರೆ ಈ ಕಡೆಯ ಜನರಿಗೆ ಅದು ಬೀಗರ ಊರು: ದೇವಿ ಕನ್ನಡದ ಮಗಳು, ಮಲ್ಲಯ್ಯ ಅಳಿಯ. ವರ್ಷಕ್ಕೊಮ್ಮೆ ಹೋಗಿ ಉಡಿ ತುಂಬಿ ಬರಬೇಕು. ಅದೇ ಮಲ್ಲಿಕಾರ್ಜುನನನ್ನು 12ನೇ ಶತಮಾನದಲ್ಲಿ ಗಂಡನೆಂದು ಅರಸಿ ಹೋದವಳು ಅಕ್ಕಮಹಾದೇವಿ. ‘ಯಾಕೆ’ ಎಂದು ಎಷ್ಟು ಕೇಳಿದರೂ ಸಿಗದಿದ್ದ ಈ ನಂಟು ಆ ಗಂಟಿನಲ್ಲಿತ್ತು.

ಈ ಕೆಲಸಕ್ಕೆ ಇಳಿಯುವವರಿಗೆ ಇನ್ನೊಂದು ಮಾತು: ಚಿತ್ರಕ್ಕಿಂತ ಮೊದಲು ಸದ್ದನ್ನು ಹಿಡಿಯಿರಿ. ಬಿಸಿಲಿಗೆ ಅಂಜಿ ಜನ ನಸುಕಿನಲ್ಲಿ, ರಾತ್ರಿಯಲ್ಲಿ ನಡೆಯುತ್ತಾರೆ. ಆಗ ಕ್ಯಾಮೆರಾಕ್ಕೆ ಕಾಣುವುದು ಟಾರ್ಚಿನ ಚುಕ್ಕೆಗಳಷ್ಟೇ. ಆದರೆ ಒಣ ಎಲೆಯ ಮೇಲೆ ಬರಿಗಾಲು, ಕಂಬಿಯ ಗೆಜ್ಜೆ, ಮುಂದಿನವರು ‘ಕಲ್ಲು ಇದೆ’ ಎಂದದ್ದು ಸಾಲಿನ ಕೊನೆಯವರೆಗೂ ಬಾಯಿಂದ ಬಾಯಿಗೆ ದಾಟುವುದು ಎಲ್ಲವೂ ಕೇಳುತ್ತದೆ. ಅಂಗಿಗೆ ಸಿಕ್ಕಿಸುವ ಮೈಕು ನಡೆಯುವವರಿಗೆ ಹೊಂದುವುದಿಲ್ಲ, ಬಟ್ಟೆಯ ಸರಪರವೇ ಹೆಚ್ಚು. ಉದ್ದ ಕೋಲಿಗೆ ಮೈಕು ಕಟ್ಟಿ ಪಕ್ಕದಲ್ಲಿ ನಡೆಯಿರಿ. ಡ್ರೋನಿನ ಆಸೆ ಬಿಡಿ. ಅದು ಹುಲಿ ಸಂರಕ್ಷಿತ ಪ್ರದೇಶ, ಅನುಮತಿಯಿಲ್ಲದೆ ಹಾರಿಸುವಂತಿಲ್ಲ. ಅನುಮತಿ ಸಿಕ್ಕರೂ ಮೇಲಿನಿಂದ ಜನ ಇರುವೆ ಸಾಲಿನಂತೆ ಕಾಣುತ್ತಾರೆ. ಬೊಬ್ಬೆ ಎದ್ದ ಪಾದಗಳನ್ನು ತೀರಾ ಹತ್ತಿರದಿಂದ ತೋರಿಸುವ ಚಟವೂ ನಮಗಿದೆ. ನಾನೂ ಮಾಡಿದ್ದೇನೆ. ‘ನನ್ನ ಮುಖ ಚೆನ್ನಾಗಿಲ್ಲವೇ?’ ಎಂದು ಒಬ್ಬ ಯುವಕ ಕೇಳಿದ ಮೇಲೆ ಬಿಟ್ಟೆ.

ದೇವಸ್ಥಾನದ ಒಳಗೆ ಕ್ಯಾಮೆರಾ ಒಯ್ಯುವಂತಿಲ್ಲ. ಇಷ್ಟು ದೂರ ಬಂದು ದರ್ಶನವೇ ಇಲ್ಲದ ಚಿತ್ರವೇ ಎಂದು ಹಣ ಹಾಕಿದವರು ಗೊಣಗಿದರು. ನಾನು ಹೊರಗೇ ಕಾದೆ. ಎಷ್ಟೋ ಹೊತ್ತಿನ ಮೇಲೆ ಅಜ್ಜಿ ಬಂದರು. ಬರಿದಾದ ಹಳೆಯ ಪಂಚೆಯನ್ನು ನಾಲ್ಕು ಮಡಿಕೆ ಮಾಡಿ ಸೊಂಟಕ್ಕೆ ಸಿಕ್ಕಿಸಿಕೊಳ್ಳುತ್ತಾ ಕೇಳಿದರು: ‘ರಾಯಚೂರಿನ ಬಸ್ಸು ಎಲ್ಲಿ ನಿಲ್ಲುತ್ತದೆ ತಮ್ಮಾ?’