ವಿಲ್ಸನ್‌ಗೆ ಶೇ 82 ಮತ ಕೊಟ್ಟವರು ಯಾರು?

ಎಂ.ಎ. ಇತಿಹಾಸದ ಉತ್ತರಪತ್ರಿಕೆ ತಿದ್ದಲು ಕೂತರೆ ಒಂದು ವಾಕ್ಯ ತಪ್ಪದೇ ಸಿಗುತ್ತದೆ. ‘1912ರಲ್ಲಿ ವುಡ್ರೊ ವಿಲ್ಸನ್ ಶೇ 82ರಷ್ಟು ಮತ ಪಡೆದು ಭಾರೀ ಜನಾದೇಶದೊಂದಿಗೆ ಅಧ್ಯಕ್ಷರಾದರು.’ ಕೈಬರಹ ಬೇರೆ, ಕಾಲೇಜು ಬೇರೆ, ವಾಕ್ಯ ಮಾತ್ರ ಅದೇ. ಎಲ್ಲೋ ಒಂದು ಗೈಡಿನಲ್ಲಿ ಹುಟ್ಟಿ ವಾಟ್ಸ್‌ಆ್ಯಪ್ ನೋಟ್ಸ್‌ನಲ್ಲಿ ಬೆಳೆದಿರಬೇಕು. ಅಮೆರಿಕದ ಚುನಾವಣೆ ಬಂದಾಗ ಫೋನ್ ಮಾಡುವ ಪತ್ರಕರ್ತ ಮಿತ್ರರೂ ಇದೇ ಲೆಕ್ಕ ಹೇಳುತ್ತಾರೆ. ‘ಸರ್, ವಿಲ್ಸನ್ ಅಲೆ ಎಷ್ಟು ಜೋರಾಗಿತ್ತು ಅಲ್ವಾ, ಮ್ಯಾಪ್ ಪೂರ್ತಿ ಒಂದೇ ಬಣ್ಣ’ ಅಂತ.

ಅಲೆ ಇರಲಿಲ್ಲ. ವಿಲ್ಸನ್‌ಗೆ ಓಟು ಹಾಕಿದವರು ಶೇ 42ಕ್ಕಿಂತ ಸ್ವಲ್ಪ ಕಡಿಮೆ. ಕೆಲವು ಪುಸ್ತಕಗಳಲ್ಲಿ 41.8 ಇದೆ, ಕೆಲವದರಲ್ಲಿ 41.9 ಇದೆ. ಆ ದಶಾಂಶದ ಜಗಳ ನಮಗೆ ಬೇಡ.

ಹಾಗಾದರೆ 82 ಎಲ್ಲಿಂದ ಬಂತು? ಅಮೆರಿಕದಲ್ಲಿ ಅಧ್ಯಕ್ಷರನ್ನು ಕೊನೆಗೆ ಆರಿಸುವವರು ರಾಜ್ಯವಾರು ಜನರ ಓಟಿನಿಂದ ಬರುವ ಎಲೆಕ್ಟರ್‌ಗಳು, ಅವರ ಕೂಟವೇ ಎಲೆಕ್ಟೋರಲ್ ಕಾಲೇಜು. ಆ ವರ್ಷ ಒಟ್ಟು 531 ಎಲೆಕ್ಟರ್‌ಗಳು. ಅವರಲ್ಲಿ 435 ಜನ ವಿಲ್ಸನ್ ಪಾಲಿಗೆ ಬಂದರು. ಭಾಗಾಕಾರ ಮಾಡಿದರೆ ಶೇ 82 ಬರುತ್ತದೆ. ನಮ್ಮ ಹುಡುಗರ ಗಣಿತ ಸರಿಯಾಗೇ ಇದೆ. ಆದರೆ ಅವರು ಎಣಿಸಿದ್ದು ಎಲೆಕ್ಟರ್‌ಗಳನ್ನು, ಬರೆದಿದ್ದು ಜನರ ಮತ ಅಂತ.

ಎಲೆಕ್ಟೋರಲ್ ಕಾಲೇಜಿನ ಉಳಿದ ವಿವರ, ರಾಜ್ಯಕ್ಕೆ ಎಷ್ಟು ಎಲೆಕ್ಟರ್ ಅಂತೆಲ್ಲ ಪಠ್ಯದಲ್ಲೇ ಇದೆ, ಅದನ್ನು ಬಿಡುತ್ತೇನೆ. ಎಡವುವುದು ಮುಂದಿನ ಹೆಜ್ಜೆಯಲ್ಲಿ. ಬಹುತೇಕ ಕಡೆ ರಾಜ್ಯದಲ್ಲಿ ಯಾರು ಮೊದಲ ಸ್ಥಾನ ಪಡೆಯುತ್ತಾರೋ ಅವರಿಗೇ ಆ ರಾಜ್ಯದ ಎಲ್ಲ ಎಲೆಕ್ಟರ್‌ಗಳು. ಅರ್ಧಕ್ಕಿಂತ ಜಾಸ್ತಿ ಓಟು ಬೇಕಂತಿಲ್ಲ. ಎರಡನೆಯವನಿಗಿಂತ ಒಂದು ಓಟು ಜಾಸ್ತಿ ಇದ್ದರೆ ಸಾಕು.

ನ್ಯೂಯಾರ್ಕ್ ತಗೊಳ್ಳಿ. ಆಗ ಅದೇ ಎಲ್ಲಕ್ಕಿಂತ ದೊಡ್ಡ ರಾಜ್ಯ, 45 ಎಲೆಕ್ಟರ್. ವಿಲ್ಸನ್‌ಗೆ ಸುಮಾರು 6.55 ಲಕ್ಷ ಓಟು. ಕುರ್ಚಿಯಲ್ಲಿದ್ದ ಅಧ್ಯಕ್ಷ, ರಿಪಬ್ಲಿಕನ್ ಪಕ್ಷದ ಟಾಫ್ಟ್‌ಗೆ 4.55 ಲಕ್ಷ. ಅದೇ ಪಕ್ಷ ಬಿಟ್ಟು ಬೇರೆ ಪಕ್ಷ ಕಟ್ಟಿ ನಿಂತ ಮಾಜಿ ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್‌ಗೆ 3.90 ಲಕ್ಷ. ಟಾಫ್ಟ್, ರೂಸ್‌ವೆಲ್ಟ್ ಇಬ್ಬರದ್ದೂ ಕೂಡಿಸಿದರೆ 8.45 ಲಕ್ಷ. ಅಂದರೆ ವಿಲ್ಸನ್ ಬೇಡ ಅಂದವರೇ ಅಲ್ಲಿ ಬಹುಸಂಖ್ಯಾತರು. ಆದರೂ 45ಕ್ಕೆ 45 ವಿಲ್ಸನ್‌ಗೆ. ಇಲಿನಾಯ್‌ನಲ್ಲಿ ಇನ್ನೂ ಬಿಗಿ. ರೂಸ್‌ವೆಲ್ಟ್‌ಗಿಂತ ವಿಲ್ಸನ್‌ಗೆ ಜಾಸ್ತಿ ಬಂದ ಓಟು 19 ಸಾವಿರಕ್ಕೂ ಕಡಿಮೆ. 29 ಎಲೆಕ್ಟರ್‌ಗಳೂ ಅವರಿಗೇ. ಹೀಗೆ ರಾಜ್ಯದಿಂದ ರಾಜ್ಯಕ್ಕೆ ಕೂಡಿಸುತ್ತಾ ಹೋದರೆ 435 ಆಗುತ್ತದೆ. ವಿಲ್ಸನ್‌ಗೆ ನಿಜವಾಗಿಯೂ ಅರ್ಧಕ್ಕಿಂತ ಹೆಚ್ಚು ಓಟು ಬಿದ್ದದ್ದು 11 ರಾಜ್ಯಗಳಲ್ಲಿ ಮಾತ್ರ. ಅವೆಲ್ಲ ದಕ್ಷಿಣದವು, ಅಂತರ್ಯುದ್ಧದ ಕಾಲದಲ್ಲಿ ಒಕ್ಕೂಟ ಬಿಟ್ಟು ಹೋಗಿದ್ದವು. ಕರಿಯರ ಓಟಿನ ಹಕ್ಕನ್ನು ಹೆಚ್ಚುಕಡಿಮೆ ಕಿತ್ತುಕೊಂಡಿದ್ದವೂ ಅವೇ. ‘ಜನಾದೇಶ’ ಅಂತ ಬರೆಯುವ ಮುಂಚೆ ಇದನ್ನೂ ಸ್ವಲ್ಪ ನೆನೆಸಿಕೊಳ್ಳಿ.

ಕ್ಲಾಸಿನಲ್ಲಿ ನಾನು ವಾಲಿಬಾಲ್ ಉದಾಹರಣೆ ಕೊಡುತ್ತೇನೆ. ಮೂರು ಸೆಟ್ಟನ್ನೂ 25–23ರಲ್ಲಿ ಗೆದ್ದ ತಂಡ 3–0 ಅಂತ ಗೆಲ್ಲುತ್ತದೆ. ಪೇಪರಿನಲ್ಲಿ 3–0 ನೋಡಿದವನು ಎದುರಾಳಿ ಸುಣ್ಣವಾದ ಅಂದುಕೊಳ್ಳುತ್ತಾನೆ. ಎಲ್ಲರೂ ತಲೆಯಾಡಿಸುತ್ತಾರೆ. ಪರೀಕ್ಷೆಯಲ್ಲಿ ಮತ್ತೆ 82.

ಟಾಫ್ಟ್ ಕಡೆಯಿಂದ ನೋಡಿದರೆ ಇದು ಇನ್ನೂ ಚೆನ್ನಾಗಿ ಕಾಣುತ್ತದೆ. ಪಾಪ, ದೇಶದಾದ್ಯಂತ ಸುಮಾರು 34.8 ಲಕ್ಷ ಜನ ಅವರಿಗೆ ಓಟು ಹಾಕಿದರು. ಸಿಕ್ಕ ಎಲೆಕ್ಟರ್‌ಗಳು ಎಂಟು. ಯೂಟಾದಿಂದ ನಾಲ್ಕು, ವರ್ಮಾಂಟ್‌ನಿಂದ ನಾಲ್ಕು. ಆ ಎರಡು ರಾಜ್ಯದಲ್ಲಿ ಅವರಿಗೆ ಬಿದ್ದ ಓಟು ಎರಡೂ ಸೇರಿ ಸುಮಾರು 65 ಸಾವಿರ. ಮಿಕ್ಕ 34 ಲಕ್ಷ ಓಟಿನಿಂದ ಒಬ್ಬ ಎಲೆಕ್ಟರೂ ಹುಟ್ಟಲಿಲ್ಲ. ಸೋಷಿಯಲಿಸ್ಟ್ ಅಭ್ಯರ್ಥಿ ಯೂಜೀನ್ ಡೆಬ್ಸ್‌ಗೆ 9 ಲಕ್ಷ ಓಟು ಬಂತು, ಎಲೆಕ್ಟರ್ ಸೊನ್ನೆ.

ಎಲ್ಲಕ್ಕಿಂತ ಮಜಾ ಕ್ಯಾಲಿಫೋರ್ನಿಯಾದ್ದು. ಅಲ್ಲಿ ರಿಪಬ್ಲಿಕನ್ ಪಕ್ಷ ರೂಸ್‌ವೆಲ್ಟ್ ಬೆಂಬಲಿಗರ ಕೈಯಲ್ಲಿತ್ತು. ಹಾಗಾಗಿ ಟಾಫ್ಟ್ ಹೆಸರು ರಿಪಬ್ಲಿಕನ್ ಅಂತ ಮತಪತ್ರಕ್ಕೇ ಬರಲಿಲ್ಲ. ಕುರ್ಚಿಯಲ್ಲಿರುವ ಅಧ್ಯಕ್ಷನ ಕಥೆ ಇದು! ಅಲ್ಲಿ ರೂಸ್‌ವೆಲ್ಟ್ ವಿಲ್ಸನ್‌ರನ್ನು ಹಿಂದೆ ಹಾಕಿದ್ದು 174 ಓಟಿನಿಂದ. 13 ಎಲೆಕ್ಟರ್‌ಗಳಲ್ಲಿ 11 ರೂಸ್‌ವೆಲ್ಟ್‌ಗೆ, 2 ವಿಲ್ಸನ್‌ಗೆ. ‘ಗೆದ್ದವರಿಗೇ ಎಲ್ಲ ಅಂದ್ರಲ್ಲ ಸರ್?’ ಅಂತ ಜಾಣ ಹುಡುಗಿಯೊಬ್ಬಳು ನನ್ನನ್ನು ಹಿಡಿದಳು. ಸರಿಯಾದ ಪ್ರಶ್ನೆ. ಅಲ್ಲಿ ಮತದಾರ ಒಬ್ಬೊಬ್ಬ ಎಲೆಕ್ಟರ್‌ಗೂ ಬೇರೆ ಬೇರೆಯಾಗಿ ಓಟು ಹಾಕುತ್ತಿದ್ದ. ಒಂದೇ ಪಟ್ಟಿಯವರಾದರೂ ಎಲ್ಲರಿಗೂ ಒಂದೇ ಲೆಕ್ಕದ ಓಟು ಬೀಳುತ್ತಿರಲಿಲ್ಲ. ಪೈಪೋಟಿ ಇಷ್ಟು ಹತ್ತಿರ ಬಂದಾಗ ಆ ಸಣ್ಣ ವ್ಯತ್ಯಾಸವೇ ಇಬ್ಬರನ್ನು ಆಚೆ ದಾಟಿಸಿಬಿಟ್ಟಿತು.

ಇಷ್ಟು ಹೇಳಿದ ಮೇಲೆ ಕ್ಲಾಸು ಇನ್ನೊಂದು ಬದಿಯ ಹಳ್ಳಕ್ಕೆ ಬೀಳುತ್ತದೆ. ‘ಹಾಗಾದ್ರೆ ಟಾಫ್ಟ್, ರೂಸ್‌ವೆಲ್ಟ್ ಒಟ್ಟಿಗಿದ್ದಿದ್ರೆ ವಿಲ್ಸನ್ ಸೋಲ್ತಿದ್ದರು, ಅಲ್ವಾ ಸರ್?’ ರೂಸ್‌ವೆಲ್ಟ್‌ಗೆ 41.2 ಲಕ್ಷ, ಟಾಫ್ಟ್‌ಗೆ 34.8 ಲಕ್ಷ, ಒಟ್ಟು 76 ಲಕ್ಷ. ವಿಲ್ಸನ್‌ಗೆ 62.9 ಲಕ್ಷ. ಕಾಗದದ ಮೇಲೆ ಹೌದು. ಆದರೆ ನಾನು ಹಾಗೆ ಬರೆಯಲು ಬಿಡುವುದಿಲ್ಲ. ರೂಸ್‌ವೆಲ್ಟ್‌ಗೆ ಓಟು ಹಾಕಿದ ಎಲ್ಲರೂ ಟಾಫ್ಟ್‌ಗೆ ಹಾಕುತ್ತಿದ್ದರು ಅಂತ ಯಾವ ಆಧಾರದ ಮೇಲೆ ಹೇಳುತ್ತೀರಿ? ಸುಧಾರಣೆ ಬೇಕೆಂದವರಲ್ಲಿ ಒಂದಷ್ಟು ಜನ ವಿಲ್ಸನ್ ಕಡೆ ಹೋಗಬಹುದಿತ್ತು. ಒಂದಷ್ಟು ಜನ ಮನೆಯಲ್ಲೇ ಕೂರಬಹುದಿತ್ತು. ‘ಗೆಲ್ಲುವ ಸಾಧ್ಯತೆ ಇತ್ತು’ ಅಂತ ಬರೆಯಿರಿ, ಪೂರ್ತಿ ಅಂಕ ಕೊಡುತ್ತೇನೆ.

ಖಚಿತವಾಗಿ ಹೇಳಬಹುದಾದ್ದು ಒಂದಿದೆ. 1908ರಲ್ಲಿ ಟಾಫ್ಟ್ ಎದುರು ಸೋತ ಡೆಮಾಕ್ರಟ್ ವಿಲಿಯಂ ಜೆನ್ನಿಂಗ್ಸ್ ಬ್ರಯಾನ್‌ಗೆ ಸುಮಾರು 64 ಲಕ್ಷ ಓಟು ಬಂದಿತ್ತು. 1912ರಲ್ಲಿ ಗೆದ್ದ ಡೆಮಾಕ್ರಟ್ ವಿಲ್ಸನ್‌ಗೆ ಬಂದದ್ದು ಅದಕ್ಕಿಂತ ಒಂದು ಲಕ್ಷಕ್ಕೂ ಮೀರಿ ಕಡಿಮೆ. ಅಷ್ಟರಲ್ಲಿ ಎರಡು ಹೊಸ ರಾಜ್ಯ ಬೇರೆ ಸೇರಿದ್ದವು. ಸೋತವರಿಗೆ 162 ಎಲೆಕ್ಟರ್, ಅವರಿಗಿಂತ ಕಡಿಮೆ ಓಟು ತಗೊಂಡವರಿಗೆ 435. ಇದನ್ನು ಬೋರ್ಡಿನ ಮೇಲೆ ಬರೆದ ದಿನ ಹಿಂದಿನ ಬೆಂಚಿನವರೂ ಮೊಬೈಲ್ ಕೆಳಗಿಡುತ್ತಾರೆ.

ಹಿಂದಿನ ಬೆಂಚಿಗೆ ಇಷ್ಟವಾಗುವ ಇನ್ನೊಂದು ಪ್ರಸಂಗ ಮಿಲ್ವಾಕಿಯದ್ದು. 1912ರ ಅಕ್ಟೋಬರ್ 14, ಪ್ರಚಾರಕ್ಕೆ ಹೋಗಿದ್ದ ರೂಸ್‌ವೆಲ್ಟ್ ಎದೆಗೆ ಒಬ್ಬ ಗುಂಡು ಹೊಡೆದ. ಜೇಬಿನಲ್ಲಿ ಲೋಹದ ಕನ್ನಡಕದ ಡಬ್ಬಿ ಇತ್ತು. ಜೊತೆಗೆ 50 ಹಾಳೆಯ ಭಾಷಣ, ಎರಡಾಗಿ ಮಡಿಸಿದ್ದು. ಗುಂಡಿನ ವೇಗ ಅಲ್ಲೇ ತಗ್ಗಿತು. ಮನುಷ್ಯ ತಕ್ಷಣ ಆಸ್ಪತ್ರೆಗೆ ಹೋಗಲಿಲ್ಲ. ವೇದಿಕೆ ಹತ್ತಿ, ರಕ್ತವಾದ ಅಂಗಿ ತೋರಿಸಿ, ತೂತು ಬಿದ್ದ ಹಾಳೆ ಹಿಡಿದು ಒಂದೂವರೆ ಗಂಟೆಯ ಹತ್ತಿರ ಮಾತಾಡಿದರು. ಗುಂಡು ಸಾಯುವವರೆಗೂ ಮೈಯಲ್ಲೇ ಇತ್ತು. ಚಿಕ್ಕ ಭಾಷಣ ಮಾಡುವ ಅಭ್ಯಾಸ ಇದ್ದಿದ್ದರೆ ಕಷ್ಟವಾಗುತ್ತಿತ್ತು. ಇದರಿಂದ ಅನುಕಂಪದ ಓಟು ಎಷ್ಟು ಬಂತು ಅಂತ ಮಾತ್ರ ಕೇಳಬೇಡಿ. ಆಗ ಈಗಿನಂಥ ಮತ ಸಮೀಕ್ಷೆಗಳಿರಲಿಲ್ಲ.

ಈಗ 1916ಕ್ಕೆ ಬನ್ನಿ. ರಿಪಬ್ಲಿಕನ್ನರು ಮತ್ತೆ ಒಂದಾಗಿ ಚಾರ್ಲ್ಸ್ ಇವಾನ್ಸ್ ಹ್ಯೂಸ್ ಹಿಂದೆ ನಿಂತರು. ವಿಲ್ಸನ್ ಓಟು 91 ಲಕ್ಷಕ್ಕೆ ಏರಿತು. ನಾಲ್ಕು ವರ್ಷದಲ್ಲಿ 28 ಲಕ್ಷ ಜಾಸ್ತಿ. ಶೇಕಡಾವಾರು ಕೂಡ 42ರಿಂದ 49 ದಾಟಿತು. (ಕೆಲವು ರಾಜ್ಯಗಳಲ್ಲಿ ಹೆಂಗಸರಿಗೆ ಹೊಸದಾಗಿ ಓಟು ಬಂದದ್ದೂ ಈ ಲೆಕ್ಕದಲ್ಲಿದೆ.) ಎಲೆಕ್ಟರ್‌ಗಳು? 435ರಿಂದ 277ಕ್ಕೆ ಇಳಿದರು. ಜನರ ಬೆಂಬಲ ಏರಿದಾಗ ಎಲೆಕ್ಟರ್‌ಗಳು ಇಳಿದರು! ನಮ್ಮ ಗೈಡಿನವರು ಇದನ್ನು ‘ವಿಲ್ಸನ್ ಜನಪ್ರಿಯತೆ ಕುಸಿಯಿತು’ ಅಂತ ಬರೆಯುತ್ತಾರೆ. ಅವರನ್ನು ಏನು ಮಾಡೋಣ ಹೇಳಿ.

ಆ ಸಲ ಗೆಲುವು ನಿಂತಿದ್ದೂ ಕ್ಯಾಲಿಫೋರ್ನಿಯಾದ ಮೇಲೆ. ಸುಮಾರು ಹತ್ತು ಲಕ್ಷ ಓಟಿನಲ್ಲಿ ನಾಲ್ಕು ಸಾವಿರಕ್ಕೂ ಕಡಿಮೆ ಅಂತರದಲ್ಲಿ ಅದು ವಿಲ್ಸನ್ ಕಡೆ ಹೋಯಿತು. 13 ಎಲೆಕ್ಟರ್. ಹ್ಯೂಸ್‌ಗೆ ಬಂದಿದ್ದು 254. ಆ 13 ಸೇರಿದ್ದರೆ 267, ಬೇಕಾಗಿದ್ದು 266. ಪ್ರಚಾರದ ವೇಳೆ ಹ್ಯೂಸ್ ಲಾಂಗ್ ಬೀಚ್‌ನ ಒಂದು ಹೋಟೆಲಿನಲ್ಲಿದ್ದರು. ಅದೇ ಹೊತ್ತಿಗೆ ಅದೇ ಹೋಟೆಲಿನಲ್ಲಿ ಕ್ಯಾಲಿಫೋರ್ನಿಯಾದ ಗವರ್ನರ್ ಹೈರಮ್ ಜಾನ್ಸನ್ ಕೂಡ ಇದ್ದರು. 1912ರಲ್ಲಿ ರೂಸ್‌ವೆಲ್ಟ್ ಜೊತೆ ಉಪಾಧ್ಯಕ್ಷ ಸ್ಥಾನಕ್ಕೆ ನಿಂತಿದ್ದ ಮನುಷ್ಯ. ಇಬ್ಬರೂ ಭೇಟಿಯಾಗಲೇ ಇಲ್ಲ. ಜಾನ್ಸನ್ ಮುನಿಸಿಕೊಂಡರು, ಹ್ಯೂಸ್ ಸೋತರು ಅನ್ನುವುದು ಪ್ರಸಿದ್ಧ ಕಥೆ. ಜಾನ್ಸನ್ ಅದೇ ದಿನ ಸೆನೆಟ್‌ಗೆ ಮೂರು ಲಕ್ಷದ ಹತ್ತಿರ ಅಂತರದಿಂದ ಗೆದ್ದಿದ್ದು ನಿಜ. ಆದರೆ ಒಂದು ಕೈಕುಲುಕಾಟದ ಮೇಲೆ ಇಡೀ ಚುನಾವಣೆ ನಿಲ್ಲಿಸುವುದು ಸ್ವಲ್ಪ ಜಾಸ್ತಿಯಾಯಿತು. ಅಷ್ಟು ಸಣ್ಣ ಅಂತರಕ್ಕೆ ಕಾರಣ ಹುಡುಕಿದರೆ ಹತ್ತು ಸಿಗುತ್ತವೆ.

‘ಹಾಗಾದರೆ ಎಲೆಕ್ಟರ್ ಜಾಸ್ತಿ ಇದ್ದರೆ ಓಟು ಕಡಿಮೆ ಅಂತಲಾ?’ ಅಂತ ಕೇಳಬೇಡಿ. ಹಾಗೂ ಇಲ್ಲ. 1920ರಲ್ಲಿ ಹಾರ್ಡಿಂಗ್‌ಗೆ 404 ಎಲೆಕ್ಟರ್, ಓಟು ಶೇ 60. ಅದು ನಿಜವಾದ ಅಲೆ. 1928ರಲ್ಲಿ ಹೂವರ್‌ಗೆ 444 ಎಲೆಕ್ಟರ್, ಓಟು ಶೇ 58. ವಿಲ್ಸನ್‌ರ 435ಕ್ಕೂ ಹೂವರ್‌ರ 444ಕ್ಕೂ ಒಂಬತ್ತೇ ವ್ಯತ್ಯಾಸ. ಓಟಿನಲ್ಲಿ ಶೇ 16ರಷ್ಟು ಅಂತರ. ಅದಕ್ಕೇ ಹೇಳುವುದು, ಎರಡು ಕಾಲಮ್ ಹಾಕಿ, ಎರಡನ್ನೂ ಬರೆಯಿರಿ. ಒಂದನ್ನು ನೋಡಿ ಇನ್ನೊಂದನ್ನು ಊಹಿಸಬೇಡಿ.

ವಿಲ್ಸನ್ ಮೋಸದಿಂದ ಗೆದ್ದರು ಅಂತ ನಾನು ಹೇಳುತ್ತಿಲ್ಲ. ನಿಯಮ ಎಲ್ಲರಿಗೂ ಗೊತ್ತಿತ್ತು, ಎಲ್ಲರೂ ಅದೇ ನಿಯಮದಲ್ಲಿ ಆಡಿದರು. ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಎರಡೂ ಸದನಗಳು ಡೆಮಾಕ್ರಟರ ಕೈಯಲ್ಲಿದ್ದವು. 1913ರಲ್ಲಿ ಸುಂಕ ಇಳಿಯಿತು, ಅಮೆರಿಕದ ಕೇಂದ್ರ ಬ್ಯಾಂಕಾದ ಫೆಡರಲ್ ರಿಸರ್ವ್ ಬಂತು. ಶೇ 42 ಓಟಿನವರು ಅಷ್ಟು ಕೆಲಸ ಮಾಡಿಸಿದರು ಅನ್ನುವುದೇ ಬರೆಯಬೇಕಾದ ವಿಷಯ. 82 ಅಂದುಕೊಂಡವರಿಗೆ ಅದು ಕಾಣುವುದೇ ಇಲ್ಲ.

ಕ್ಲಾಸಿನಲ್ಲಿ ನನಗೆ ಇಷ್ಟವಾಗುವ ಪ್ರಶ್ನೆ ಬೇರೆ. ‘ಸೋಲುವುದು ಗೊತ್ತಿದ್ದೂ ಟಾಫ್ಟ್ ಯಾಕೆ ಹಿಂದೆ ಸರಿಯಲಿಲ್ಲ?’ ಟಾಫ್ಟ್‌ಗೆ ಆಗ ಗೆಲುವಿಗಿಂತ ಮುಖ್ಯವಾಗಿದ್ದು ರೂಸ್‌ವೆಲ್ಟ್ ಕೈಗೆ ಪಕ್ಷ ಹೋಗದಂತೆ ನೋಡಿಕೊಳ್ಳುವುದು. ಅದರಲ್ಲಿ ಅವರು ಗೆದ್ದರು. ಅಧ್ಯಕ್ಷಗಿರಿ ಅವರಿಗೆ ಮೊದಲಿಂದಲೂ ಅಷ್ಟು ಹಿಡಿಸಿದ ಕೆಲಸವಲ್ಲ, ಮನಸ್ಸಿದ್ದಿದ್ದು ಸುಪ್ರೀಂ ಕೋರ್ಟಿನ ಮೇಲೆ. 1921ರಲ್ಲಿ ಹಾರ್ಡಿಂಗ್ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದರು. 1930ರಲ್ಲಿ ಆರೋಗ್ಯ ಕೆಟ್ಟು ಅವರು ಬಿಟ್ಟ ಜಾಗಕ್ಕೆ ಬಂದವರು ಕ್ಯಾಲಿಫೋರ್ನಿಯಾ ಕಳೆದುಕೊಂಡ ಹ್ಯೂಸ್. ಅವರನ್ನು 1910ರಲ್ಲಿ ಮೊದಲ ಸಲ ಆ ಕೋರ್ಟಿಗೆ ನೇಮಿಸಿದ್ದು ಅಧ್ಯಕ್ಷ ಟಾಫ್ಟ್.